ರಸಾಯನಕ್ಕೆ ಬಾಟಲಿ ಯಾಕೆ?

ಕಳೆದ ವರ್ಷ ನಮ್ಮಲ್ಲಿ ಒಂದು ಸಮಾರಂಭ. ಅಡುಗೆಯವರು ಕೊಟ್ಟ ಪಟ್ಟಿಯಲ್ಲಿ ಡಬ್ಬಿ ಹಣ್ಣು, ಕಸ್ಟರ್ಡ್ ಪುಡಿ, ಗುಲಾಬಿ ಎಸೆನ್ಸ್ ಎಲ್ಲ ಇತ್ತು. ನಾನೂ ಮರುಮಾತಿಲ್ಲದೆ ಪೇಟೆಯಿಂದ ತಂದೆ. ಅದೇ ಹೊತ್ತಿಗೆ ಒಳಗೆ ಮೂರು ಗೊನೆ ಕದಳಿ ಹಣ್ಣಾಗಿ ಪರಿಮಳ ಬೀರುತ್ತಿತ್ತು. ರಸಾಯನ ಮಾಡೋಣ ಎಂದರೆ, "ಛೆ, ನೆಂಟರು ಎಂತ ಹೇಳಿಯಾರು?" ಎಂದರು ಮನೆಯವರು. ಕೊನೆಗೆ ಎರಡು ಗೊನೆ ದನದ ಬಾಯಿಗೆ ಹೋಯಿತು. ಹಣ್ಣಿಗೆ ಬೆಲೆ ಇಲ್ಲವೆಂದು ವ್ಯಾಪಾರಿಯನ್ನು ಬೈಯುವ ನಾನು, ನನ್ನ ಮನೆಯ ಎಲೆಯಲ್ಲೇ ಅದಕ್ಕೆ ಜಾಗ ಕೊಡಲಿಲ್ಲ!

ಆಮೇಲೆ ಬುದ್ಧಿ ಬಂತು. ಗುಲಾಬಿಯ ಪರಿಮಳವೇ ಬೇಕಾದರೆ ಅಂಗಳದ ಪನ್ನೀರು ಗುಲಾಬಿ ಸಾಲದೇ? ರಸಾಯನಕ್ಕೆ ಏಲಕ್ಕಿ ಹಾಕುವುದು ನಮ್ಮ ಹಳೆಯ ಕ್ರಮ. ಹೂ ಹಾಕಿ ನೋಡಿದ್ದು ನನ್ನ ಪ್ರಯೋಗ. ಚೆನ್ನಾಗಿಯೇ ಆಯಿತು.

ಹತ್ತು ಕದಳಿ ಹಣ್ಣಿಗೆ ಎರಡು ಹೂ ಸಾಕು. ಬೆಳಿಗ್ಗೆ ಬಿಸಿಲೇರುವ ಮೊದಲೇ ಕೊಯ್ಯಬೇಕು, ಆಗ ಪರಿಮಳ ಜಾಸ್ತಿ. ಎಸಳು ತೊಳೆದು, ಬುಡದ ಬಿಳಿ ಭಾಗ ಕತ್ತರಿಸಿ ತೆಗೆಯಿರಿ, ಅದು ಕಹಿ. ಒಂದು ಹಿಡಿ ಬೆಲ್ಲವನ್ನು ಅರ್ಧ ಲೋಟ ನೀರಿನಲ್ಲಿ ಕರಗಿಸಿ ಸೋಸಿ. ಬೆರಳು ತಾಳುವಷ್ಟು ಬಿಸಿ ಇರುವಾಗ ಎಸಳು ಹಾಕಿ ಅರ್ಧ ಗಂಟೆ ಮುಚ್ಚಿಡಿ. ಕುದಿಸಿದರೆ ಪರಿಮಳವೆಲ್ಲ ಹಬೆಯೊಟ್ಟಿಗೆ ಹಾರಿಹೋಗುತ್ತದೆ. ತಣಿದ ಮೇಲೆ ಎಸಳು ಹಿಂಡಿ ತೆಗೆದು, ಹೆಚ್ಚಿದ ಹಣ್ಣು, ಚಿಟಿಕೆ ಉಪ್ಪು ಸೇರಿಸಿ. ಒಂದು ತೆಂಗಿನಕಾಯಿಯ ದಪ್ಪ ಹಾಲನ್ನು ಬಡಿಸುವ ಹೊತ್ತಿಗಷ್ಟೇ ಬೆರೆಸಿ. ಮೊದಲೇ ಬೆರೆಸಿಟ್ಟರೆ ಸೆಕೆಗೆ ಹುಳಿ ಬರುತ್ತದೆ.

ಒಂದು ಎಚ್ಚರಿಕೆ. ಪೇಟೆಯ ಹೂವಿನಂಗಡಿಯ ಗುಲಾಬಿ ಇದಕ್ಕೆ ಬೇಡವೇ ಬೇಡ. ಅದು ನೋಟಕ್ಕೆ, ಬಾಳಿಕೆಗೆ ಬೆಳೆಸಿದ್ದು. ಪರಿಮಳ ಕಡಿಮೆ, ಔಷಧಿ ಹೊಡೆದಿರುವುದೇ ಹೆಚ್ಚು. ನಿಮ್ಮದೇ ಗಿಡವಾದರೂ ಔಷಧಿ ಬಿಟ್ಟಿದ್ದರೆ ತಿನ್ನಲು ಉಪಯೋಗಿಸಬೇಡಿ. ಬಿಸಿಲು ಬೀಳುವಲ್ಲಿ ತಿನ್ನಲಿಕ್ಕೆಂದೇ ಒಂದು ಗಿಡ ಬೇರೆ ಇರಲಿ. ಸೆಗಣಿ ಗೊಬ್ಬರ ಧಾರಾಳ ಸಾಕು.

ಇದರಿಂದ ಬಾಳೆಯ ಧಾರಣೆ ಏರುತ್ತದೆ ಎಂದು ನಾನು ಹೇಳುವುದಿಲ್ಲ. ಆದರೆ ಬೆಳೆದವನೇ ನಾಚಿಕೊಂಡು ಬಚ್ಚಿಟ್ಟ ಹಣ್ಣನ್ನು ಪೇಟೆಯವರು ಯಾಕೆ ಮೆಚ್ಚಬೇಕು ಮಾರಾಯ್ರೇ? ಮುಂದಿನ ಸಮಾರಂಭದ ಪಟ್ಟಿ ಬರೆಯುವ ಮೊದಲು ಒಮ್ಮೆ ತೋಟಕ್ಕೆ ಹೋಗಿ ಬನ್ನಿ. ಪೇಟೆಗೆ ಆಮೇಲೆ ಹೋದರಾಯಿತು.