ಕವಿತೆಯ ಮಧು

ದೇವತೆಗಳ ಪಾನವೆಂದೊಡನೆ ನಮ್ಮ ವಾಚಕರಿಗೆ ಅಮೃತವೂ ಸೋಮರಸವೂ ನೆನಪಿಗೆ ಬರುವುದು ಸಹಜವೇ. ಇಂಥದೇ ಮತ್ತೊಂದು ಪಾನದ ಕಥೆಯು ಭೂಮಂಡಲದ ಉತ್ತರದಂಚಿನ ಐಸ್‌ಲೆಂಡ್ ದ್ವೀಪದಲ್ಲಿ ಉಳಿದು ಬಂದಿರುವುದು. ಅಲ್ಲಿನ ಸ್ನೋರಿ ಸ್ಟುರ್ಲುಸನ್ (1179–1241) ಎಂಬ ಪಂಡಿತನು ಕವಿಗಳಾಗಬಯಸುವವರ ಉಪಯೋಗಕ್ಕಾಗಿ ‘ಎಡ್ಡಾ’ ಎಂಬ ಗ್ರಂಥವನ್ನು ರಚಿಸಿ, ಅದರೊಳಗೆ ತನ್ನ ಪೂರ್ವಿಕರ ಪುರಾಣಗಳನ್ನು ಸಂಗ್ರಹಿಸಿದನು. ಕುಡಿದವನನ್ನು ಕವಿಯನ್ನಾಗಿಯೋ ಪಂಡಿತನನ್ನಾಗಿಯೋ ಮಾಡುವ ಮಧುವಿನ ವೃತ್ತಾಂತವು ಅದರಲ್ಲಿ ಬಂದಿದೆ. ಗೃಹಸ್ಥರ ಪತ್ರಿಕೆಯಲ್ಲಿ ಮದ್ಯದ ಮಾತೇಕೆಂದು ಹುಬ್ಬೇರಿಸುವವರು ತುಸು ತಾಳ್ಮೆಯಿಂದ ಕೊನೆಯವರೆಗೆ ಓದಬೇಕಾಗಿ ನಮ್ಮ ಬಿನ್ನಹ.

ಈಸಿರ್ ಮತ್ತು ವಾನಿರ್ ಎಂಬ ಎರಡು ದೇವಕುಲಗಳು ಪರಸ್ಪರ ಕಾದಾಡಿ, ಕಡೆಗೆ ಸಂಧಿಗೆ ಒಪ್ಪಿದುವು. ಒಪ್ಪಂದದ ಗುರುತಾಗಿ ಉಭಯಪಕ್ಷದವರೂ ಒಂದೇ ಕೊಪ್ಪರಿಗೆಯಲ್ಲಿ ಉಗುಳಿದರಂತೆ. ಎಂಜಲೆಂದು ವಾಚಕರು ಅಸಹ್ಯಪಡಬಹುದು. ಆದರೆ ದಕ್ಷಿಣ ಅಮೆರಿಕದ ಆಂಡಿಸ್ ಪರ್ವತಪ್ರಾಂತದಲ್ಲಿ ಮುಸುಕಿನ ಜೋಳವನ್ನು ಅಗಿದು ಉಗುಳಿ ‘ಚಿಚಾ’ ಎಂಬ ಪಾನವನ್ನು ಮಾಡುವ ಹಳೆಯ ಪದ್ಧತಿಯುಂಟು. ಎಂಜಲಿನಲ್ಲಿರುವ ಒಂದು ದ್ರವ್ಯವು ಧಾನ್ಯದ ಹಿಟ್ಟಿನಂಶವನ್ನು ಸಕ್ಕರೆಯಾಗಿಸುವುದು. ಆ ಸಕ್ಕರೆಯೇ ಮುಂದೆ ಹುದುಗುವುದು. ಆದ್ದರಿಂದ ಈ ಪುರಾಣದ ಕಲ್ಪನೆಯು ಕೇವಲ ನಿರಾಧಾರವಾದುದಲ್ಲ.

ಆ ಗುರುತು ವ್ಯರ್ಥವಾಗಬಾರದೆಂದು ದೇವತೆಗಳು ಅದರಿಂದಲೇ ಒಬ್ಬ ಪುರುಷನನ್ನು ಸೃಜಿಸಿ, ಕ್ವಾಸಿರ್ ಎಂದು ಹೆಸರಿಟ್ಟರು. ಅವನಿಗೆ ಉತ್ತರ ತಿಳಿಯದ ಪ್ರಶ್ನೆಯೇ ಇರಲಿಲ್ಲ. ಅವನು ಲೋಕವನ್ನೆಲ್ಲ ಸುತ್ತುತ್ತ ಜನರಿಗೆ ವಿದ್ಯೆಯನ್ನು ಬೋಧಿಸುತ್ತಲಿದ್ದನು. ಹೀಗಿರುವಲ್ಲಿ ಫ್ಯಾಲರ್, ಗಾಲರ್ ಎಂಬ ಇಬ್ಬರು ಕುಬ್ಜರು ಅವನನ್ನು ಏಕಾಂತಕ್ಕೆ ಕರೆದು ಕೊಂದು, ಅವನ ರಕ್ತಕ್ಕೆ ಜೇನನ್ನು ಬೆರೆಸಿ ಆ ಮಧುವನ್ನು ಸಿದ್ಧಪಡಿಸಿದರು. ದೇವತೆಗಳು ವಿಚಾರಿಸಲು, ‘ಅವನನ್ನು ಪ್ರಶ್ನಿಸಬಲ್ಲ ವಿದ್ಯಾವಂತರು ಯಾರೂ ಇರಲಿಲ್ಲವಾಗಿ, ತನ್ನ ಜ್ಞಾನದಲ್ಲಿ ತಾನೇ ಉಸಿರುಗಟ್ಟಿ ಸತ್ತನು’ ಎಂದು ಹೇಳಿಬಿಟ್ಟರು.

ಮುಂದೆ ಆ ಮಧುವು ಸುತ್ತುಂಗ್ ಎಂಬ ದೈತ್ಯನ ಕೈಸೇರಿತು. ಅವನು ಅದನ್ನು ಪರ್ವತದ ಗರ್ಭದಲ್ಲಿರಿಸಿ ತನ್ನ ಮಗಳನ್ನೇ ಕಾವಲಿಗಿಟ್ಟನು. ಅವನಾಗಲಿ ಅವನ ಮಗಳಾಗಲಿ ಒಂದು ಪದ್ಯವನ್ನಾದರೂ ಕಟ್ಟಿದರೆಂದು ಸ್ನೋರಿಯು ಹೇಳಿಲ್ಲ. ಕಡೆಗೆ ದೇವರಾಜನಾದ ಓಡಿನ್ ಸರ್ಪರೂಪದಿಂದ ಒಳಹೊಕ್ಕು, ಮಧುವನ್ನೆಲ್ಲ ಹೀರಿ, ಗರುಡನು ಅಮೃತವನ್ನು ತಂದಂತೆ ಹದ್ದಾಗಿ ಹಾರಿ ತಂದನು. ಅವಸರದಲ್ಲಿ ಸ್ವಲ್ಪ ಭಾಗವು ಹಿಂದುಗಡೆಯಿಂದ ಸೋರಿಹೋಯಿತು. ಯಾರು ಬೇಕಾದರೂ ಕುಡಿಯಬಹುದಾಗಿದ್ದ ಅದೇ ಕುಕವಿಗಳ ಪಾಲಾಯಿತಂತೆ!

ಸಂಸ್ಕೃತದ ‘ಮಧು’, ಗ್ರೀಕರ ‘ಮೆಥು’, ಆಂಗ್ಲರ ‘ಮೀಡ್’ ಇವೆಲ್ಲವೂ ಒಂದೇ ಮೂಲದಿಂದ ಹುಟ್ಟಿದ ಶಬ್ದಗಳು. ಜೇನಿಗೆ ಒಂದು ವಿಚಿತ್ರ ಗುಣವುಂಟು. ಬಲಿತ ಜೇನಿನಲ್ಲಿ ನೀರಿನ ಅಂಶವು ನೂರಕ್ಕೆ ಸುಮಾರು 18ರಷ್ಟು ಮಾತ್ರವಿರುವುದರಿಂದ, ಭದ್ರವಾಗಿ ಮುಚ್ಚಿಟ್ಟರೆ ಅದು ಬಹುಕಾಲ ಕೆಡುವುದಿಲ್ಲ, ಹುದುಗುವುದೂ ಇಲ್ಲ. ಬೇಕಾದಷ್ಟು ನೀರು ಬೆರೆತರೆ ಸೂಕ್ಷ್ಮಜೀವಿಗಳು ಎಚ್ಚತ್ತು ನೊರೆಯೆಬ್ಬಿಸುವುವು. ವಿದ್ಯೆಯ ವಿಷಯವೂ ಹೀಗೆಯೇ ಎಂದು ನಮಗೆ ತೋರುತ್ತದೆ. ಅದಕ್ಕೆ ಬೇಕಾದ ನೀರೆಂದರೆ ಇನ್ನೊಬ್ಬರ ಪ್ರಶ್ನೆ. ಪಿಪ್ಪಲಾದ ಮಹರ್ಷಿಯ ಬಳಿಗೆ ಆರು ಮಂದಿ ಬಂದು ಒಂದು ವರ್ಷ ಕಾದಿದ್ದು ಕೇಳಿದುದರಿಂದಲ್ಲವೇ ಪ್ರಶ್ನೋಪನಿಷತ್ತು ನಮಗೆ ದೊರೆತುದು?

ನಾವು ಶಾಲೆಯಲ್ಲಿ ಸಂಧಿಪ್ರಕರಣವನ್ನು ಹೇಳುತ್ತಿದ್ದಾಗ ಒಬ್ಬ ಹುಡುಗನು, ‘ವಾಕ್ ಎಂಬುದು ವಾಗೀಶ ಎಂಬಲ್ಲಿ ಗಕಾರವಾಗುವುದೇಕೆ, ಸ್ವಾಮಿ?’ ಎಂದು ಕೇಳಿದನು. ಸೂತ್ರವು ನಮಗೆ ಕಂಠಪಾಠವಾಗಿದ್ದಿತು. ಅವನು ಕೇಳಿದುದು ಕಾರಣವನ್ನು. ಅದಕ್ಕಾಗಿಯೇ ನಾವು ಶಿಕ್ಷಾಗ್ರಂಥಗಳನ್ನು ತಿರುವಿಹಾಕಿದೆವು. ಮುಂದಿನ ಸ್ವರದಲ್ಲಿ ಕಂಠದ ನಾದವುಂಟಾದ್ದರಿಂದ, ಅದರ ನೆರೆಯಲ್ಲಿ ಕಕಾರವೂ ನಾದವನ್ನು ಪಡೆದು ಗಕಾರವಾಗುವುದೆಂದು ಮಾರನೆಯ ದಿನ ಅವನಿಗೆ ತಿಳಿಸಿದೆವು. ಹುಡುಗರೆಲ್ಲ ಕುತ್ತಿಗೆಯ ಮೇಲೆ ಬೆರಳಿಟ್ಟು ‘ಈ’ ಎಂದು ಉಚ್ಚರಿಸಿ ನಾದದ ಕಂಪನವನ್ನು ತಾವೇ ಕಂಡುಕೊಂಡರು. ಆ ಪ್ರಶ್ನೆಯಿಂದ ಲಾಭವಾದುದು ಅವನಿಗಿಂತ ನಮಗೇ ಹೆಚ್ಚು.

ಈಗಿನ ಮಕ್ಕಳು ಸಂದೇಹ ಬಂದೊಡನೆ ಅಂಗೈಯಲ್ಲಿನ ಮೊಬೈಲನ್ನು ಕೇಳುವರು. ಉತ್ತರವೂ ಥಟ್ಟನೆ ದೊರೆಯುವುದು. ಅದನ್ನು ನಾವು ದೂರುವುದಿಲ್ಲ. ಆದರೆ ಮನೆಯ ಅಜ್ಜಿಗೆ ಯಾವ ಮಾವಿನ ಮಿಡಿ ಎಷ್ಟು ಉಪ್ಪನ್ನು ಬೇಡುವುದೆಂಬುದು ಗೊತ್ತು. ತಾತನಿಗೆ ಊರಿನ ಹಳೆಯ ಕಾಲುವೆಯು ಎಲ್ಲಿ ಹರಿಯುತ್ತಿದ್ದಿತೆಂಬುದು ಗೊತ್ತು. ಇವರು ಸುತ್ತುಂಗನಂತೆ ಬಚ್ಚಿಟ್ಟವರಲ್ಲ. ಕೇಳಿದವರಿಲ್ಲದೆ ಸುಮ್ಮನಿದ್ದಾರೆ, ಅಷ್ಟೆ. ಅವರು ಕಣ್ಮರೆಯಾದ ಬಳಿಕ ನಾವು, ‘ಅವರಿಗೆ ಎಲ್ಲವೂ ತಿಳಿದಿದ್ದಿತು, ಒಂದನ್ನೂ ಹೇಳಿ ಹೋಗಲಿಲ್ಲ’ ಎಂದು ಹಲುಬುವೆವು.

ಕ್ವಾಸಿರನ ವಿಷಯದಲ್ಲಿ ಕುಬ್ಜರು ಆಡಿದುದು ಶುದ್ಧ ಸುಳ್ಳು. ನಮ್ಮ ಮನೆಗಳಲ್ಲಿ ಅದೇ ಮಾತು ನಿಜವಾಗುತ್ತಿರುವುದು ಶೋಚನೀಯ. ಆದುದರಿಂದ ವಾಚಕ ಮಹಾಶಯರು ಈ ತಿಂಗಳಲ್ಲಿ ಒಂದು ಸಂಜೆಯಾದರೂ ಮನೆಯ ಹಿರಿಯರ ಬಳಿ ಕುಳಿತು, ಅವರಿಗೆ ಮಾತ್ರವೇ ತಿಳಿದಿರುವ ಒಂದು ಸಂಗತಿಯನ್ನು ಕೇಳಿ ತಿಳಿಯಲಿ. ಮಕ್ಕಳನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಲಿ. ಮಕ್ಕಳು ನಡುವೆ ಬಾಯಿ ಹಾಕಿ ‘ಏಕೆ?’ ಎಂದರೆ ಗದರದಿರಲಿ.