ಡಿಎಲ್‌ಎಲ್ ಎಲ್ಲಿಂದಲೋ ತರಬೇಡಿ, ವೇವ್ ಫೈಲ್ ತೆಗೆದಿಡಿ

ಫೆಸ್ಟ್ ಹತ್ತಿರ ಬಂದ್ರೆ ನಮ್ಮ ಹಾಸ್ಟೆಲ್‌ಗಳಲ್ಲಿ ಹಳೇ ವಿಎಸ್‌ಟಿ ಪ್ಲಗಿನ್‌ಗಳಿಗೆ ಮತ್ತೆ ಜೀವ ಬರುತ್ತೆ. ಜೊತೆಗೇ 'ಎಂಎಸ್‌ವಿಸಿಪಿ120.ಡಿಎಲ್‌ಎಲ್ ಇಲ್ಲ' ಅನ್ನೋ ಎರರ್ ಕೂಡ. ಆಗ ಹಲವರು ಯಾವುದೋ ಸೈಟಿನಿಂದ ಆ ಫೈಲ್ ಇಳಿಸಿ ಸಿಸ್ಟಮ್32ಗೆ ಹಾಕಿಬಿಡ್ತಾರೆ.

ಇದು ನಿಲ್ಲಬೇಕು ಅನ್ನೋದು ನಮ್ಮ ವಾದ. ಡಿಎಲ್‌ಎಲ್ ಅಂದ್ರೆ ಬರೀ ಡೇಟಾ ಅಲ್ಲ, ಓಡುವ ಕೋಡ್. ಲೋಡ್ ಮಾಡಿದ ಪ್ರೋಗ್ರಾಮಿಗೆ ಇರುವ ಅಧಿಕಾರವೆಲ್ಲ ಅದಕ್ಕೂ ಸಿಗುತ್ತೆ. ಗುರುತು ಪರಿಚಯ ಇಲ್ಲದವರಿಗೆ ಮನೆ ಬೀಗದ ಕೈ ಕೊಟ್ಟ ಹಾಗೆ.

ನಿಜಕ್ಕೂ ಬೇಕಿರೋದು ವಿಷುವಲ್ ಸಿ ಪ್ಲಸ್ ಪ್ಲಸ್ 2013ರ ರನ್‌ಟೈಮ್. ಮೈಕ್ರೋಸಾಫ್ಟ್ ಸೈಟಿನಲ್ಲೇ ಪುಕ್ಕಟೆ ಸಿಗುತ್ತೆ. ಪ್ಲಗಿನ್ 32 ಬಿಟ್‌ನದಾದರೆ, ವಿಂಡೋಸ್ 64 ಬಿಟ್ ಇದ್ದರೂ, ಎಕ್ಸ್86 ಪ್ಯಾಕೇಜೇ ಬೇಕು. ತಮಾಷೆ ನೋಡಿ: 64 ಬಿಟ್ ವಿಂಡೋಸಿನ ಸಿಸ್ಟಮ್32 ಫೋಲ್ಡರಿನಲ್ಲಿರೋದು 64 ಬಿಟ್ ಫೈಲುಗಳು, 32 ಬಿಟ್‌ನವು ಸಿಸ್‌ವಾವ್64ರಲ್ಲಿ! ಕೈಯಾರೆ ಕಾಪಿ ಮಾಡಿದ್ದು ಕೆಲಸ ಮಾಡದಿದ್ದರೆ ಆಶ್ಚರ್ಯವೇನು?

'ಹೀಗೆ ಹಳೇದನ್ನ ಎಷ್ಟು ದಿನ ಎಳೆಯೋದು?' ಅಂತ ನೀವು ಕೇಳಬಹುದು. ನ್ಯಾಯವಾದ ಪ್ರಶ್ನೆಯೇ. ಸ್ಟೈನ್‌ಬರ್ಗ್ 2018ರಲ್ಲೇ ವಿಎಸ್‌ಟಿ2ರ ಎಸ್‌ಡಿಕೆ ಕೊಡೋದನ್ನ ನಿಲ್ಲಿಸಿತು. 64 ಬಿಟ್ ಸಾಫ್ಟ್‌ವೇರ್ 32 ಬಿಟ್ ಪ್ಲಗಿನ್ನನ್ನ ನೇರವಾಗಿ ಲೋಡ್ ಮಾಡಲಾರದು, ನಡುವೆ ಬ್ರಿಡ್ಜ್ ಬೇಕು. ಅದೂ ಎಷ್ಟು ವರ್ಷವೋ!

ಅದಕ್ಕೇ ಪ್ಲಗಿನ್ ಇನ್ನೂ ಓಡ್ತಿರುವಾಗಲೇ ಪ್ರತಿ ಟ್ರ್ಯಾಕನ್ನೂ ವೇವ್ ಫೈಲಾಗಿ ತೆಗೆದು ಪ್ರಾಜೆಕ್ಟಿನ ಜೊತೆ ಇಡೋಣ. ಮುಂದಿನ ಬ್ಯಾಚಿನ ಜೂನಿಯರ್‌ಗಳಿಗೆ ನಮ್ಮ ಡಿಎಲ್‌ಎಲ್ ಬೇಕಿಲ್ಲ, ನಮ್ಮ ಹಾಡು ಬೇಕು.