ರಾಜಿಯ ಕಾಗದದಲ್ಲಿ ಅಕ್ಕತಂಗಿಯರ ಹೆಸರು



'ಗೆದ್ದವನು ಸೋತ, ಸೋತವನು ಸತ್ತ' ಎಂಬ ಗಾದೆಯನ್ನು ಕೇಳದವರು ನಮ್ಮ ಸೀಮೆಯಲ್ಲಿಲ್ಲ. ಆದರೂ ಕಡಬದ ಕೆರೆಯ ಸುತ್ತಮುತ್ತಲ ತೆಂಗು, ಅಡಿಕೆ ತೋಟಗಳ ವ್ಯಾಜ್ಯಗಳಿಗೆ ಕೊನೆಯಿಲ್ಲ. ಅಜ್ಜಂದಿರು ಬಾಯಿಮಾತಿನಲ್ಲಿ ಮಾಡಿದ ಭಾಗ, ಪಹಣಿಯಲ್ಲಿ ಒಬ್ಬರ ಹೆಸರು, ಸಾಗುವಳಿ ಇನ್ನೊಬ್ಬರದು. ಮೊಮ್ಮಕ್ಕಳು ಗುಬ್ಬಿಯಿಂದ ತುಮಕೂರಿಗೆ, ಅಲ್ಲಿಂದ ಬೆಂಗಳೂರಿನ ಹೈಕೋರ್ಟಿಗೆ ಅಲೆಯುತ್ತಾರೆ.

ಮೇಲ್ಮನವಿಯ ಹಂತವೇ ರಾಜಿಗೆ ಪ್ರಶಸ್ತ ಕಾಲವೆಂಬುದು ನನ್ನ ಅಭಿಪ್ರಾಯ. ಮೊದಲ ನ್ಯಾಯಾಲಯದಲ್ಲಿ ಇಬ್ಬರಿಗೂ ಗೆಲುವಿನ ಕನಸು. ಅಪೀಲಿನ ಹೊತ್ತಿಗೆ ಸಾಕ್ಷ್ಯವೆಲ್ಲ ಮುಗಿದಿರುತ್ತದೆ. ಯಾರ ದಾಖಲೆ ಎಷ್ಟು ಗಟ್ಟಿಯೆಂಬುದು ಇಬ್ಬರಿಗೂ ತಿಳಿದಿರುತ್ತದೆ. ಸೋತವನಿಗೆ ಎಲ್ಲವೂ ಹೋದೀತೆಂಬ ಭಯ, ಗೆದ್ದವನಿಗೆ ಕೈಗೆ ಬಂದ ಡಿಕ್ರಿ ಜಾರೀತೆಂಬ ಅಳುಕು. ಮಾತುಕತೆಗೆ ಇದಕ್ಕಿಂತ ಒಳ್ಳೆಯ ಗಳಿಗೆ ಎಲ್ಲಿದೆ?

ಕಾನೂನೂ ಇದಕ್ಕೆ ದಾರಿ ಮಾಡಿಕೊಟ್ಟಿದೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೆಯ ಆದೇಶದ 3ನೆಯ ನಿಯಮದಂತೆ ರಾಜಿಯು ಲಿಖಿತವಾಗಿರಬೇಕು, ಪಕ್ಷಕಾರರ ಸಹಿಯಿರಬೇಕು, ಕಾನೂನುಬದ್ಧವಾಗಿರಬೇಕು. ನ್ಯಾಯಾಲಯವು ಅದನ್ನು ದಾಖಲಿಸಿಕೊಂಡು ಡಿಕ್ರಿ ನೀಡುತ್ತದೆ. ಒಪ್ಪಿಗೆಯಿಂದಾದ ಇಂಥ ಡಿಕ್ರಿಯ ಮೇಲೆ 96(3)ನೆಯ ಕಲಮಿನಂತೆ ಅಪೀಲಿಲ್ಲ. ಲೋಕ ಅದಾಲತ್ತಿನಲ್ಲಿ ತೀರ್ಮಾನವಾದರೆ ನ್ಯಾಯಾಲಯ ಶುಲ್ಕವೂ ಹಿಂದಿರುಗುತ್ತದೆ.

ಇಷ್ಟು ಹೇಳಿ ಮುಗಿಸಬಹುದಿತ್ತು. ಆದರೆ ನಾನು ಬರೆಯಹೊರಟಿದ್ದು ರಾಜಿಯಲ್ಲಿ ಮರೆತುಹೋಗುವವರ ವಿಷಯ.

ನನ್ನ ಬಳಿ ಓದಿದ ಅಣ್ಣತಮ್ಮಂದಿರ ಪ್ರಕರಣ ಕೇಳಿ. ತೋಟವು ತನ್ನ ಸ್ವಯಾರ್ಜಿತವೆಂದು ಅಣ್ಣ, ಕುಟುಂಬದ ಆಸ್ತಿಯೆಂದು ತಮ್ಮ. ಮೊದಲ ತೀರ್ಪು ತಮ್ಮನ ಪರವಾಯಿತು. ಅಣ್ಣ ಅಪೀಲು ಹಾಕಿದ. ಕಡೆಗೆ ಇಬ್ಬರೂ ಬೇಸತ್ತು ರಾಜಿಗೆ ಒಪ್ಪಿದರು. ತೋಟ ಸಮಭಾಗ, ಕೊಳವೆ ಬಾವಿಯ ನೀರು ಮೂರು ಮೂರು ದಿನದ ಸರದಿ. ಕರಡನ್ನು ನನಗೆ ತೋರಿಸಿದಾಗ, ಕುಣಿಗಲ್ ಕಡೆಗೆ ಮದುವೆಯಾಗಿ ಹೋದ ಅಕ್ಕನ ಹೆಸರೇಕಿಲ್ಲವೆಂದು ಕೇಳಿದೆ. "ಮದುವೆಯಲ್ಲೇ ಎಲ್ಲ ಕೊಟ್ಟಾಗಿದೆ ಮೇಷ್ಟ್ರೇ" ಎಂದು ಇಬ್ಬರೂ ಒಟ್ಟಿಗೆ ಹೇಳಿದರು. ಎಷ್ಟೋ ವರ್ಷಗಳಲ್ಲಿ ಅವರು ಒಮ್ಮತಕ್ಕೆ ಬಂದ ಮೊದಲ ಮಾತು ಅದು!

ಕುಟುಂಬದ ಆಸ್ತಿಯೆಂದು ಒಪ್ಪಿದ ಮೇಲೆ ಅಕ್ಕನನ್ನು ಬಿಡುವಂತಿಲ್ಲವೆಂದು ವಕೀಲರೂ ತಿಳಿಹೇಳಿದರು. ಆಕೆಯನ್ನೂ ಪಕ್ಷಕಾರಳನ್ನಾಗಿ ಸೇರಿಸಿದರು. ಆಕೆ ಪೂರ್ಣ ಪಾಲನ್ನು ಕೇಳಲಿಲ್ಲ. ರಸ್ತೆಯ ಅಂಚಿನ ಕೆಲವು ಗುಂಟೆಗಳನ್ನಷ್ಟೇ ಪಡೆದು ಸಹಿ ಮಾಡಿದರು. ಬಿಟ್ಟುಕೊಟ್ಟದ್ದು ಅವರ ಔದಾರ್ಯ. ಕೇಳದೆಯೇ ಬಿಡಿಸಿಕೊಂಡಿದ್ದರೆ ಅದಕ್ಕೆ ಬೇರೆಯೇ ಹೆಸರು.

ಕರ್ನಾಟಕವು 1994ರಲ್ಲೇ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಹಕ್ಕು ಕೊಟ್ಟಿತು. 2005ರ ತಿದ್ದುಪಡಿ ಅದನ್ನು ದೇಶಕ್ಕೆಲ್ಲ ವಿಸ್ತರಿಸಿತು. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಪ್ರಾಥಮಿಕ ಡಿಕ್ರಿಯಾಗಿದ್ದರೂ ಬಾಕಿಯಿರುವ ಅಪೀಲಿನಲ್ಲಿ ಮಗಳಿಗೆ ಮಗನಷ್ಟೇ ಪಾಲು ಸಲ್ಲಬೇಕೆಂದಿತು. 2004ರ ಡಿಸೆಂಬರ್ 20ಕ್ಕೆ ಮುನ್ನ ನೋಂದಾಯಿತ ಪತ್ರದಿಂದಲೋ ನ್ಯಾಯಾಲಯದ ಡಿಕ್ರಿಯಿಂದಲೋ ಆಗಿಹೋದ ವಿಭಾಗಗಳನ್ನು ಮಾತ್ರ ಕಾನೂನು ಕದಲಿಸುವುದಿಲ್ಲ. ಹೀಗಿರುವಾಗ ಅಕ್ಕತಂಗಿಯರನ್ನು ಬಿಟ್ಟು ಬರೆದ ರಾಜಿಯು ಮುಂದಿನ ದಾವೆಯ ಬೀಜವೇ ಸರಿ.

ಆದುದರಿಂದ, ರಾಜಿ ಮಾಡಿಕೊಳ್ಳಿ. ಸರ್ವೆ ನಂಬರು, ಚಕ್ಕುಬಂದಿ, ದಾರಿ, ನೀರಿನ ಸರದಿ ಎಲ್ಲವನ್ನೂ ಸ್ಪಷ್ಟವಾಗಿ ಬರೆಸಿ. ಅಪ್ರಾಪ್ತ ವಯಸ್ಕರ ಪಾಲಿದ್ದರೆ ನ್ಯಾಯಾಲಯದ ಅನುಮತಿ ಪಡೆಯಿರಿ. ಸಹಿಗೆ ಮುನ್ನ ಆ ಕರಡನ್ನು ಮನೆಯ ಹೆಣ್ಣುಮಕ್ಕಳ ಮುಂದೆ ಗಟ್ಟಿಯಾಗಿ ಓದಿ. ಅವರೆದುರು ಓದಲು ಸಂಕೋಚವಾಗುವ ಸಾಲೊಂದಿದ್ದರೆ, ತಿದ್ದಬೇಕಾದ ಸಾಲು ಅದೇ.